ಸ್ಕೂಲ್ ಊಟದ ಎಂಜಲು ಕೇಸು

ಕೋರ್ಟು ಅಂದ್ರೆ ಜಮೀನಿಗೆ, ಡೈವೋರ್ಸಿಗೆ ಅಂತ ತಿಳ್ಕೊಂಡಿದ್ದೋಳು ನಾನು. ಇಂಗ್ಲೆಂಡಿನ ಲೆಸ್ಟರ್ ಪಕ್ಕದ ಈ ಪುಟ್ಟ ಊರಿಗೆ ಬಂದ್ಮೇಲೆ ಪಾಸ್ಟಾಗೂ ಕೋರ್ಟಿದೆ ಅಂತ ಗೊತ್ತಾಯ್ತು. ಇಲ್ಲಿ ತೆರೆದ ಬಾಯಿ ಮುಚ್ಚೋಕೇ ಬಿಡಲ್ಲ, ದಿನಾ ಒಂದು ಆಶ್ಚರ್ಯ.

ಸೊನ್ನೆ

ನಮ್ಮ ಪಕ್ಕದ್ಮನೆಯೋಳು ಕೌನ್ಸಿಲ್, ಅಂದ್ರೆ ಇಲ್ಲಿನ ಮುನಿಸಿಪಾಲಿಟಿ, ನಡೆಸೋ ಸ್ಕೂಲುಗಳಿಗೆ ಮಧ್ಯಾಹ್ನದ ಊಟ ಮಾಡಿ ಕಳಿಸ್ತಾಳೆ. ಅಡಿಗೆಮನೇಲಿ ನಾವು ಐದು ಜನ ಹೆಂಗಸ್ರು. ಕಾಂಟ್ರಾಕ್ಟ್ ಮುಗೀತು, ಮತ್ತೆ ಟೆಂಡರ್ ಕರೆದ್ರು. ಫಾರಂನಲ್ಲಿ ಒಂದು ಪ್ರಶ್ನೆ, ಊಟ ಕಳಿಸೋಕೆ ಮುಂಚೆ ರುಚಿ ನೋಡ್ತೀರಾ ಅಂತ. ಇವಳು ಹೆಮ್ಮೆಯಿಂದ 'ಇಲ್ಲ' ಅಂತ ಬರೆದ್ಲು. ಪಾಸ್ಟಾನೇ ಆಗ್ಲಿ, ಮಕ್ಕಳು ತಿನ್ನೋಕೆ ಮುಂಚೆ ನಾವು ಬಾಯಿಗಿಟ್ರೆ ಎಂಜಲಾಗಲ್ವಾ? ಉಪ್ಪು ತೂಕ ಮಾಡಿ ಹಾಕ್ತೀವಿ, ಘಮದಲ್ಲೇ ಹದ ಗೊತ್ತಾಗುತ್ತೆ ಅಂತ ಕೆಳಗೆ ಅರ್ಧ ಪುಟ ವಿವರಿಸಿದ್ಲು ಕೂಡ.

ಆ ಪ್ರಶ್ನೆಗೆ ಸೊನ್ನೆ ಬಂತು. ಕಾಂಟ್ರಾಕ್ಟ್ ಯಾವುದೋ ದೊಡ್ಡ ಕಂಪನಿಗೆ, ನಮ್ಮ ಐದು ಜನರ ಕೆಲ್ಸ ಗಾಳಿಗೆ. ನಿಜ ಬರೆದಿದ್ದಕ್ಕೆ ಸೊನ್ನೆನಾ ಅಂತ ಅವಳು ಅತ್ಲು. ಏಳನೇ ಕ್ಲಾಸಲ್ಲಿ ನಾನೂ 'ಗೊತ್ತಿಲ್ಲ' ಅಂತ ನಿಜಾನೇ ಬರೆದಿದ್ದೆ, ನನಗೂ ಅಷ್ಟೇ ಕೊಟ್ಟಿದ್ರು.

ಸಹಿ

ಲೆಮಿಂಗ್ಟನ್‌ನಿಂದ ಒಬ್ರು ಸಾಲಿಸಿಟರ್, ಅಂದ್ರೆ ಕೇಸು ತಯಾರು ಮಾಡೋ ವಕೀಲರು, ಬಂದ್ರು, ಮಂಗಳೂರು ಕಡೆಯವರು. ಹೊಸಬರ ಜೊತೆ ಸಹಿ ಆಗೋಕೆ ಮುಂಚೆ ಕೇಸ್ ಹಾಕಿದ್ರೆ ಸಾಕು, ಕೋರ್ಟು ಹೇಳೋವರೆಗೂ ಕೌನ್ಸಿಲ್ ಪೆನ್ನು ಮುಟ್ಟೋ ಹಾಗಿಲ್ಲ ಅಂದ್ರು. ನಾನು ನಂಬ್ಲಿಲ್ಲ. ಕೇಸ್ ಹಾಕಿದ್ರು, ಹಾಗೇ ಆಯ್ತು. ಅಷ್ಟು ದೊಡ್ಡ ಆಫೀಸು ಒಂದು ಕಾಗದಕ್ಕೆ ಕಲ್ಲಾಗಿ ನಿಂತ್ಬಿಡ್ತು. ನಮ್ಮ ಬೀದಿ ಗುಂಡಿ ಮುಚ್ಚೋಕೆ ಎರಡು ವರ್ಷದಿಂದ ಅಲುಗಾಡದೇ ಇದ್ದೋರು, ಈಗ ಕಾನೂನು ಪ್ರಕಾರ ಅಲುಗಾಡ್ಲಿಲ್ಲ.

ಗುಟ್ಟು

ಆ ಕಂಪನಿ ಏನು ಬರೆದು ಮಾರ್ಕ್ಸ್ ತಗೊಂಡ್ತು ಅನ್ನೋ ಕಾಗದಾನ ಕೋರ್ಟು ತರಿಸ್ತು. ಆದ್ರೆ ವಕೀಲರು ಮಾತ್ರ ನೋಡ್ಬೇಕು, ಕೇಸ್ ಹಾಕಿದೋಳಿಗೂ ಹೇಳೋ ಹಾಗಿಲ್ಲ. ಗೊತ್ತಿದ್ದೂ ಹೇಳದೇ ಇರೋ ಮನುಷ್ಯನ್ನ ನಾನು ಜನ್ಮದಲ್ಲಿ ನೋಡಿರ್ಲಿಲ್ಲ. ಸಾಲಿಸಿಟರ್ ಮುಂದೆ ಕೋಡುಬಳೆ ಇಟ್ಟೆ, ತಿಂದ್ರು. ಕಾಫಿ ಕೊಟ್ಟೆ, ಕುಡಿದ್ರು. ಹೆಂಡತಿಗಾದ್ರೂ ಹೇಳಿರ್ತೀರಲ್ಲ, ಅವರ ನಂಬರ್ ಕೊಡಿ ಅಂದೆ. ಅದೂ ಕಾನ್ಫಿಡೆನ್ಷಿಯಲ್ ಅಂದ್ಬಿಟ್ರು.

ಸಾಕ್ಷಿ

ಬರ್ಮಿಂಗ್‌ಹ್ಯಾಮಲ್ಲಿ ಕೇಸ್ ನಡೀತು. ಮಕ್ಕಳ ಊಟದ ವಿಷಯಕ್ಕೆ ಟ್ರಾಲಿ ತುಂಬ ಫೈಲು. ಜಡ್ಜ್ ಬಂದಾಗ ಎಲ್ರೂ ಎದ್ದು ತಲೆ ಬಾಗಿಸಿದ್ರು. ನಾನು ಕೈ ಮುಗಿದುಬಿಟ್ಟೆ, ದೇವರು ಬಂದ ಹಾಗಿತ್ತು.

ಮಾರ್ಕ್ಸ್ ಹಾಕಿದ ಆಫೀಸರ್ ಬರೆದಿಟ್ಟಿದ್ದ ಚೀಟಿನ ಕೋರ್ಟಲ್ಲಿ ನಮ್ಮ ಪರ ವಾದ ಮಾಡೋ ಬ್ಯಾರಿಸ್ಟರ್ ಓದಿದ್ರು. 'ಇಲ್ಲ ಅಂದಿದ್ದಾರೆ. ಮುಂದೆ ಓದಿಲ್ಲ.' ಗೆದ್ವಿ ಅಂದ್ಕೊಂಡೆ. ಅಷ್ಟರಲ್ಲಿ ನನ್ನನ್ನ ಸಾಕ್ಷಿಗೆ ಕರೆದ್ರು.

ಕೌನ್ಸಿಲ್ ಕಡೆ ಬ್ಯಾರಿಸ್ಟರ್ ಕೇಳ್ದ, ಹಾಗಾದ್ರೆ ಆರು ವರ್ಷದಿಂದ ನಿಮ್ಮ ಅಡಿಗೆ ರುಚಿ ನಿಮಗೇ ಗೊತ್ತಿಲ್ಲ ಅನ್ನಿ. ನನಗೆ ರೇಗಿಹೋಯ್ತು.

"ಯಾಕ್ ಗೊತ್ತಿಲ್ಲ? ಮಿಕ್ಕಿದ್ದನ್ನ ದಿನಾ ಮನೆಗೆ ತಗೊಂಡು ಹೋಗ್ತೀನಲ್ಲ."

ಮಿಕ್ಕಿದ್ದನ್ನ ಕಸದ ಬಿನ್ನಿಗೆ ಹಾಕ್ಬೇಕು ಅನ್ನೋದು ಕಾಂಟ್ರಾಕ್ಟ್ ರೂಲು. ನನ್ನ ಕನ್ನಡಾನ ಇಂಗ್ಲಿಷಲ್ಲಿ ಹೇಳೋಕೆ ಇಟ್ಟಿದ್ದ ಇಂಟರ್‌ಪ್ರಿಟರ್ ಹುಡುಗಿ ನನ್ನ ಕಡೆ ಬಗ್ಗಿ, "ಆಂಟಿ, ಇದನ್ನ ಹಾಗೇ ಹೇಳ್ಲಾ?" ಅಂದ್ಲು. ಪ್ರಮಾಣ ಮಾಡಿದೀನಲ್ಲ, ಹೇಳು ಅಂದೆ. ಹೇಳಿದ್ಲು. ಪಕ್ಕದ್ಮನೆಯೋಳು ಕಣ್ಣು ಮುಚ್ಕೊಂಡ್ಲು. ಐದು ಜನರ ಅನ್ನ ನನ್ನ ಬಾಯಿಂದ ಹೋಯ್ತು ಅಂದ್ಕೊಂಡೆ.

ಜಡ್ಜ್ ಕನ್ನಡಕ ತೆಗೆದು ನಿಧಾನಕ್ಕೆ ಕೇಳಿದ್ರು, "ಹೇಗಿರುತ್ತೆ?"

"ನಮ್ಮನೆಯೋರು ಮನೇಲಿ ನನ್ನ ಕೈ ಅಡಿಗೆ ಬಿಟ್ಟು ಇದನ್ನೇ ತಿಂತಾ ಆರು ವರ್ಷ ಆಯ್ತು ಸ್ವಾಮಿ."

ಜಡ್ಜ್ ಅದನ್ನ ಬರ್ಕೊಂಡ್ರು. ಪೂರ್ತಿ ಓದಿ ಮತ್ತೆ ಮಾರ್ಕ್ಸ್ ಹಾಕಿ ಅಂತ ತೀರ್ಪು ಬಂತು, ಕಾಂಟ್ರಾಕ್ಟ್ ನಮಗೇ ಆಯ್ತು. ಆದ್ರೆ ಕೌನ್ಸಿಲ್‌ನೋರು ಹೊಸ ಷರತ್ತು ಹಾಕಿದ್ರು, ಮಿಕ್ಕಿದ್ದನ್ನ ಹಾಕೋ ಬಿನ್ನಿಗೆ ಬೀಗ ಇರ್ಬೇಕು ಅಂತ. ಈಗ ಮನೇಲಿ ನನ್ನದೇ ಅಡಿಗೆ. ತೀರ್ಪಿನ ಮೇಲೆ ಅಪೀಲ್ ಹಾಕ್ಬಹುದಾ ಅಂತ ನಮ್ಮನೆಯೋರು ಸಾಲಿಸಿಟರ್‌ಗೆ ಫೋನ್ ಮಾಡಿದ್ರಂತೆ.