ಸಿದ್ರಾಮನ ಗಿರಣಿಯ ಗದ್ದಲ

ಕನ್ನೊಳ್ಳಿಯ ಸಿದ್ರಾಮನಿಗೆ ನೋಟಿಸು ಬಂದದ್ದು ಕರೆಂಟು ಹೆಚ್ಚು ಸುಟ್ಟಿದ್ದಕ್ಕಲ್ಲ, ಕಡಿಮೆ ಸುಟ್ಟಿದ್ದಕ್ಕೆ. ಜೋಳ ಬೀಸುವ ಹಿಟ್ಟಿನ ಗಿರಣಿ, ಒಳಗೆ ಎಮ್ಮೆಯಂಥ ಮೋಟಾರು. ಬಿಲ್ಲು ಮಾತ್ರ ಒಂದು ಫ್ಯಾನಿನ ಮನೆಯಷ್ಟು. ತಪಾಸಣೆಗೆ ಬಂದವರ ಕಣ್ಣಿಗೆ ಮೀಟರಿನ ಸೀಲು ಹರಿದದ್ದೂ ಬಿತ್ತು. ಮತ್ತೇನು ಬೇಕು? ಕರೆಂಟು ಕಳವು ಎಂದು ಬರೆದು, ಗಿರಣಿ ಮಾರಿದರೂ ತೀರದಂಥ ದಂಡ ಜಡಿದು ಹೋದರು.

ಸಿದ್ರಾಮ ಕಳ್ಳನಲ್ಲ. ಅವನ ಗುಟ್ಟೇ ಬೇರೆ: ಗಿರಣಿಗೆ ಒಂದು ನರಪಿಳ್ಳೆಯೂ ಬರುತ್ತಿರಲಿಲ್ಲ. ಹೆಂಡತಿ ರೇಣವ್ವ ಇದ್ದಾಗ ಹೆಣ್ಣುಮಕ್ಕಳು ಅವಳ ಮಾತಿಗೆಂದೇ ಬುಟ್ಟಿ ಹೊತ್ತು ಬರುತ್ತಿದ್ದರು. ಅವಳು ತೀರಿಕೊಂಡ ಮೇಲೆ ಒಬ್ಬೊಬ್ಬರಾಗಿ ಕಡಿಮೆಯಾದರು. ಮಾತಿಗೊಬ್ಬರಿಲ್ಲದೆ ದಿನಗಟ್ಟಲೆ ಕೂತಿರುವುದು ಕಷ್ಟ. ಅದು ಊರಿಗೆ ಗೊತ್ತಾಗುವುದು ಇನ್ನೂ ಕಷ್ಟ. ಹಾಗಾಗಿ ಬಾಗಿಲು ಅರ್ಧ ಮುಂದೆ ಮಾಡಿ, ಬೆಳಿಗ್ಗೆ ಸ್ವಲ್ಪ ಹೊತ್ತು ಖಾಲಿ ಮೋಟಾರು ತಿರುಗಿಸಿ, ಮೀಸೆಗೂ ಅಂಗಿಗೂ ಒಂದು ಹಿಡಿ ಹಿಟ್ಟು ಸವರಿಕೊಂಡು ಚಹಾದಂಗಡಿಗೆ ಹೋಗುತ್ತಿದ್ದ. ಯಾರಾದರೂ ಕೇಳಿದರೆ, ಗದ್ದಲವೋ ಗದ್ದಲ, ಉಸಿರಾಡಲು ಪುರಸೊತ್ತಿಲ್ಲ ಎನ್ನುತ್ತಿದ್ದ.

ವಿಚಾರಣೆ ಸಿಂದಗಿಯ ಕರೆಂಟು ಆಫೀಸಿನಲ್ಲಿ, ಅಲ್ಲಿನ ಸಾಹೇಬರ ಮುಂದೆ. ಗಿರಣಿ ನಡೆಯುತ್ತಿರಲಿಲ್ಲ ಎಂದು ಹೇಳುವ ಇಬ್ಬರು ನೆರೆಯವರನ್ನು ಕರೆತಂದರೆ ಸಾಕು ಎಂದಿದ್ದ ವಕೀಲ ಅರುಣಕುಮಾರ. ಇಬ್ಬರು ಕರೆಯದೆಯೇ ಬಂದರು: ಬಳೆ ಮಾರುವ ಲಾಲಬಿ, ಮತ್ತು ಊರಿನ ಪ್ರತಿ ಜಗಳಕ್ಕೂ ಮಧ್ಯಸ್ಥರಾಗುವ ನಿವೃತ್ತ ಮಾಸ್ತರ ಗುರುಲಿಂಗಪ್ಪ. ಏನು ಹೇಳಬೇಕೆಂದು ಅವರಿಗೆ ತಿಳಿಸಲು ಮಾತ್ರ ಸಿದ್ರಾಮನಿಗೆ ನಾಲಿಗೆ ಏಳಲಿಲ್ಲ. ಟಂಟಂ ಆಟೋದಲ್ಲಿ ದಾರಿಯುದ್ದಕ್ಕೂ ಬಾಯಿ ತೆರೆದ, ಮುಚ್ಚಿದ. ಕೊನೆಗೆ, ಕಂಡದ್ದು ಹೇಳಿದರೆ ಸಾಕು ಎಂದುಬಿಟ್ಟ.

ಅವರು ಕಂಡದ್ದನ್ನೇ ಹೇಳಿದರು.

"ಸಾಹೇಬ್ರ, ಇಂಥಾ ದುಡಿಯೂ ಮನಷ್ಯಾ ನಮ್ಮೂರಾಗ ಇನ್ನೊಬ್ಬ ಇಲ್ಲ," ಎಂದರು ಮಾಸ್ತರರು ಎದ್ದು ನಿಂತು. "ಇವನ ಗಿರಣಿ ಒಂದಿನಾನೂ ನಿಂತಿದ್ದು ನಾ ಕಂಡಿಲ್ರಿ."

ಲಾಲಬಿ ಹಿಂದೆ ಬೀಳುವವಳೇ? ಹಿಟ್ಟಿಲ್ಲದ ಸಿದ್ರಾಮನ ಮೀಸೆಯನ್ನು ತಾನು ನೋಡೇ ಇಲ್ಲವೆಂದು ಆಣೆ ಮಾಡಿದಳು. ಸಾಹೇಬರು ಖುಷಿಯಿಂದ ಬರೆದುಕೊಂಡರು. ವಕೀಲ ಹಣೆ ಚಚ್ಚಿಕೊಂಡ.

ಸುಮ್ಮನಿದ್ದರೆ ಗಿರಣಿ ಹೋಗುತ್ತದೆ, ಮಾತಾಡಿದರೆ ಮಾನ ಹೋಗುತ್ತದೆ. ಸಿದ್ರಾಮ ನೆಲ ನೋಡುತ್ತ ಎದ್ದ.

"ಗಿರಣಿಗೆ ಯಾರೂ ಬರೂದಿಲ್ರಿ. ಖಾಲಿ ಮೋಟಾರ ಹಚ್ಚಿ, ಹಿಟ್ಟ ನಾನ ಬಡಕೊಂಡು ಕುಂದರ್ತೇನ್ರಿ. ಸಪ್ಪಳ ಇದ್ರ ಯಾರೋ ಅದಾರ ಅನಸ್ತೈತಿ."

ಸಾಹೇಬರು ಕನ್ನಡಕ ತೆಗೆದು ಒರೆಸಿಕೊಂಡರು. ಸೀಲು ಹರಿದಿದ್ದರೂ ಪರೀಕ್ಷೆಯಲ್ಲಿ ಮೀಟರು ಸರಿಯಾಗೇ ಇತ್ತು. ಈ ಮಾತೂ ಅದಕ್ಕೆ ತಾಳೆಯಾಯಿತು. ಸಿದ್ರಾಮನ ಹೇಳಿಕೆಗೆ ಸಹಿ ಹಾಕಿಸಿಕೊಂಡು ದಂಡವನ್ನು ಪೂರ್ತಿ ರದ್ದು ಮಾಡಿದರು.

ವಾಪಸು ಬರುವಾಗ ಲಾಲಬಿಗೆ ತಡೆಯಲಾಗಲಿಲ್ಲ.

"ಯಣ್ಣಾ, ಗದ್ದಲ ಐತಿ ಅಂತ ನೀನ ಅಂತಿದ್ದಿ. ತಾಸಗಟ್ಟಲೆ ಯಾರ ಕಾಯಬೇಕಂತ ನಾವೆಲ್ಲಾ ಹಿಂದಿನ ಓಣಿ ಗಿರಣಿಗೆ ಹೊಂಟಿದ್ವಿ."

ಸಿದ್ರಾಮನಿಗೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ತನ್ನ ಕೈಯಾರೆ ತಾನೇ ಬಾಗಿಲು ಹಾಕಿಕೊಂಡಿದ್ದ.

ಲಾಲಬಿಯ ಬಾಯಿಗೆ ಬಿದ್ದ ಸುದ್ದಿ ಓಣಿ ಸುತ್ತಲು ಎಷ್ಟು ಹೊತ್ತು? ಸಂಜೆಯಾಗುವಷ್ಟರಲ್ಲಿ ಜೋಳದ ಬುಟ್ಟಿಗಳು ಗಿರಣಿಯ ಮುಂದೆ ಸಾಲು ಹಿಡಿದವು. ಎಷ್ಟೋ ದಿನಗಳ ಮೇಲೆ ಬಾಗಿಲಲ್ಲಿ ಬಳೆಗಳ ಸದ್ದು, ಮಾತು, ನಗೆ. ಸಿದ್ರಾಮನ ಎದೆ ತುಂಬಿ ಬಂತು. ಬಾಗಿಲು ಪೂರ್ತಿ ತೆಗೆದು, ಮೊದಲ ಬುಟ್ಟಿಯ ಜೋಳ ಸುರಿದು ಸ್ವಿಚ್ಚು ಒತ್ತಿದ.

ಮೋಟಾರು ಮಿಸುಕಲಿಲ್ಲ.

ಹೊರಗೆ ಬಂದು ನೋಡಿದರೆ ಲೈನ್‌ಮನ್ ತಬ್ರೇಜ ಕಂಬದಿಂದ ಇಳಿಯುತ್ತಿದ್ದ. ಪಾಪ, ಅವನೂ ಮುಖ ಸಣ್ಣ ಮಾಡಿಕೊಂಡಿದ್ದ.

"ಗಿರಣಿ ನಡ್ಯಾಕತ್ತಿಲ್ಲ ಅಂತ ನೀವ ಬರದ ಕೊಟ್ಟೀರಂತಲ್ರಿ ಮಾಲಕರ. ನಡೀದ ಗಿರಣಿಗೆ ಲೈನ್ ಯಾಕಂತ ಸಾಹೇಬ್ರು ತಗಿಸ್ಯಾರ. ಇನ್ನ ಹೊಸಾದಾಗಿ ಅರ್ಜಿ ಹಾಕಬೇಕ್ರಿ."

ಗಿರಣಿ ನಡೆಯುತ್ತದೆಂದು ತಾವು ಸಾಕ್ಷಿ ಹೇಳುವುದಾಗಿ ಮಾಸ್ತರರು ಮುಂದೆ ಬಂದರು. ಸಿದ್ರಾಮ ಎರಡೂ ಕೈ ಜೋಡಿಸಿ ಬೇಡವೆಂದ.

ಹೆಣ್ಣುಮಕ್ಕಳು ಸ್ವಲ್ಪ ಹೊತ್ತು ನಿಂತರು. ಆದರೆ ನಾಳೆಯ ರೊಟ್ಟಿಗೆ ಹಿಟ್ಟು ಬೇಕಲ್ಲ.

"ಯಣ್ಣಾ, ಬುಟ್ಟಿ ಒಂದೀಟ ಎತ್ತಿ ಕೊಡು," ಎಂದಳು ಲಾಲಬಿ, ಅವನ ಮುಖ ನೋಡದೆ.

ಸುರಿದಿದ್ದ ಜೋಳವನ್ನು ಮತ್ತೆ ಬುಟ್ಟಿಗೆ ತುಂಬಿ ಅವಳ ತಲೆಯ ಮೇಲಿಟ್ಟ. ಆಮೇಲೆ ಅವಳ ಹಿಂದಿನವಳದು, ಅದರ ಹಿಂದಿನದು. ಕೊನೆಯ ಬುಟ್ಟಿಯನ್ನೂ ಎತ್ತಿಕೊಟ್ಟು ಬಾಗಿಲಲ್ಲೇ ನಿಂತ. ಸ್ವಲ್ಪ ಹೊತ್ತಿಗೆ ಹಿಂದಿನ ಓಣಿಯಿಂದ ಗಿರಣಿಯ ಸಪ್ಪಳ ಕೇಳತೊಡಗಿತು.