ಯಂತ್ರದ ಪ್ರಕಾರ ಚಂದ್ರ ಇನ್ನೂ ಹುಟ್ಟಿಲ್ಲ

ಅಮೆರಿಕದ ಫೇರ್‌ಫ್ಯಾಕ್ಸಿನ ನಮ್ಮ ಟೌನ್‌ಹೌಸಿಗೆ ನಾನು ತಂದ ವಸ್ತುಗಳಿಗೆಲ್ಲ ಒಂದೇ ಗತಿ. ಮೈಥಿಲಿ ಮೊದಲು ಅದನ್ನು ಅಡಿಯಿಂದ ಮುಡಿಯವರೆಗೆ ನೋಡುತ್ತಾಳೆ. ಆಮೇಲೆ ‘ರಿಸೀಟ್ ಇದೆ ತಾನೆ?’ ಎನ್ನುತ್ತಾಳೆ. ಆ ವಾರಾಂತ್ಯಕ್ಕೆ ಅದು ಬಂದ ಪೆಟ್ಟಿಗೆಯಲ್ಲೇ ಅಂಗಡಿಗೆ ಹಿಂತಿರುಗುತ್ತದೆ. ಬ್ರೆಡ್ ಮಾಡುವ ಯಂತ್ರ ಹೀಗೆ ಹೋಯಿತು, ಹೊಟ್ಟೆ ಕರಗಿಸುವ ಸೈಕಲ್ಲು ಹೀಗೆ ಹೋಯಿತು, ತರಗೆಲೆ ಊದುವ ಯಂತ್ರವೂ ಹೀಗೇ ಹೋಯಿತು (ನಮ್ಮ ಮನೆಗಿರುವುದು ಒಂದೇ ಮರ ಎಂಬುದನ್ನು ಒಪ್ಪುತ್ತೇನೆ). ಈ ದೇಶದಲ್ಲಿ ಮೂವತ್ತು ದಿನದೊಳಗೆ ಏನನ್ನು ಬೇಕಾದರೂ ವಾಪಸ್ ಕೊಡಬಹುದು, ಗಂಡನೊಬ್ಬನನ್ನು ಬಿಟ್ಟು ಎಂದು ಅವಳು ಫೋನಿನಲ್ಲಿ ಯಾರಿಗೋ ಹೇಳುತ್ತಿದ್ದುದನ್ನು ನಾನೇ ಕೇಳಿಸಿಕೊಂಡಿದ್ದೇನೆ.

ಹೀಗಿರುವಾಗ, ತೊಂಬತ್ತೊಂಬತ್ತನೇ ಇಸವಿಯ ನವೆಂಬರಿನಲ್ಲಿ, ನಾನು ಕಂಪ್ಯೂಟರ್ ಇರುವ ಟೆಲಿಸ್ಕೋಪ್ ತಂದೆ.

ಅದು ನಾನು ಇಡೀ ಸರ್ಕಾರದ ಕಾಲವನ್ನು ಸರಿಪಡಿಸುತ್ತಿದ್ದ ಕಾಲ. ಎರಡು ಸಾವಿರದ ಇಸವಿ ಬಂದೊಡನೆ ಕಂಪ್ಯೂಟರುಗಳಿಗೆಲ್ಲ ತಾರೀಖು ತಪ್ಪಿ ಪ್ರಳಯವಾಗುತ್ತದೆ ಎಂದು ಜನ ಹೆದರಿದ್ದರಲ್ಲ, ಆ ಪ್ರಳಯವನ್ನು ತಡೆಯುವ ಗುತ್ತಿಗೆ ಹಿಡಿದ ಕಂಪನಿಯೊಂದರಲ್ಲಿ ನನಗೆ ಕೆಲಸ. ಬೆಳಗಿನಿಂದ ಸಂಜೆಯವರೆಗೆ ಗಂಟೆ, ದಿನ, ತಿಂಗಳು, ವರ್ಷ ಇವನ್ನೇ ತಿದ್ದುತ್ತ ಕೂರುವವನಿಗೆ ಆಕಾಶದ ಕಡೆ ಮನಸ್ಸು ಹರಿದರೆ ತಪ್ಪೇನು?

ಯಾವುದನ್ನು ಕೊಳ್ಳಬೇಕೆಂದು ಪಕ್ಕದೂರು ಹರ್ನ್‌ಡನ್‌ನ ದಾನಪ್ಪನನ್ನು ಕೇಳಿದ್ದೆ. ಬಾಗಲಕೋಟೆ ಕಡೆಯವನು, ಸಿವಿಲ್ ಇಂಜಿನಿಯರ್. ಅವನ ಹತ್ತಿರ ಒಲೆ ಊದುವ ಕೊಳವೆಯನ್ನು ನೂರು ಪಾಲು ಹಿಗ್ಗಿಸಿದಂಥ ಒಂದು ಟೆಲಿಸ್ಕೋಪು ಇದೆ. ಅದಕ್ಕೆ ತಂತಿಯಿಲ್ಲ, ಮೋಟರಿಲ್ಲ, ಕೈಯಲ್ಲೇ ತಳ್ಳಿ ತಿರುಗಿಸುತ್ತಾನೆ. ‘ಮದಲ ಬರಿಗಣ್ಣಿಲೆ ಆಕಾಶ ನೋಡೂದು ಕಲೀರಿ ಸರ, ಆಮ್ಯಾಲೆ ಡಬ್ಬಿ ತಗೋರಿ’ ಎಂದ. ಅವನ ಅಸೂಯೆ ನನಗೆ ಅರ್ಥವಾಯಿತು. ನನ್ನ ಯಂತ್ರದ ಹೊಟ್ಟೆಯಲ್ಲಿ ಹನ್ನೆರಡು ಸಾವಿರ ಆಕಾಶಕಾಯಗಳ ಹೆಸರಿತ್ತು. ಊರು, ತಾರೀಖು, ಗಂಟೆ ಹೇಳಿ, ಯಾವುದು ಬೇಕೋ ಅದರ ಹೆಸರು ಒತ್ತಿದರೆ ಸಾಕು, ಅದೇ ಮಿಕ್ಸಿಯ ಹಾಗೆ ಗೊರಗುಟ್ಟುತ್ತ ತಿರುಗಿ ತೋರಿಸುತ್ತದೆ. ಹಗಲೆಲ್ಲ ನಾನು ಕಂಪ್ಯೂಟರಿಗೆ ದುಡಿಯುತ್ತೇನೆ, ಸಂಜೆಯಾದರೂ ಒಂದು ಕಂಪ್ಯೂಟರು ನನಗೆ ದುಡಿಯಲಿ ಎಂಬುದು ನನ್ನ ವಾದ.

‘ರಿಸೀಟ್ ಇದೆ ತಾನೆ?’ ಎಂದಳು ಮೈಥಿಲಿ.

ಆ ಹೊತ್ತಿಗೆ ನಮ್ಮತ್ತೆ ರಾಜಲಕ್ಷ್ಮಮ್ಮನವರು ಮೈಸೂರಿನಿಂದ ಬಂದು ಎರಡು ತಿಂಗಳಾಗಿತ್ತು. ಬಹಳ ಮರ್ಯಾದಸ್ಥರು. ಮದುವೆಯಾಗಿ ಹನ್ನೊಂದು ವರ್ಷವಾದರೂ ಅಳಿಯನಾದ ನನ್ನೊಡನೆ ಅವರು ನೇರವಾಗಿ ಒಂದು ಮಾತಾಡಿದವರಲ್ಲ. ನಾನು ಎದುರಿಗೇ ಕೂತಿದ್ದರೂ ‘ಅವರಿಗೆ ಇನ್ನೊಂದು ದೋಸೆ ಬೇಕೇನೋ ಕೇಳೇ’ ಎಂದು ಮಗಳಿಗೆ ಹೇಳುತ್ತಾರೆ. ಮಗಳಿಲ್ಲದಿದ್ದರೆ ಮೊಮ್ಮಗಳಿಗೆ, ಅಂದರೆ ನಮ್ಮ ಒಂಬತ್ತು ವರ್ಷದ ನಿಧಿಗೆ ಹೇಳುತ್ತಾರೆ. ಅವಳು ಅದನ್ನು ಅರ್ಧ ಇಂಗ್ಲಿಷಿಗೆ ತಿರುಗಿಸಿ ನನಗೆ ಮುಟ್ಟಿಸುತ್ತಾಳೆ. ಅತ್ತೆಗೆ ಹೊತ್ತು ಹೋಗಲೆಂದು ಅಡುಗೆಮನೆಯ ಗೋಡೆ ಗಡಿಯಾರಕ್ಕೆ ನಾನೇ ಕುರ್ಚಿ ಹತ್ತಿ ಮೈಸೂರಿನ ವೇಳೆ ಇಟ್ಟುಕೊಟ್ಟಿದ್ದೆ. ಅದನ್ನು ನೋಡಿ ಅವರು ಊರಿನಲ್ಲಿರುವ ಸೊಸೆಯನ್ನು ನೆನೆದು ‘ಈಗ ನಮ್ಮ ಶೈಲಜಾ ಕಾಫಿ ಸೋಸ್ತಿರ್ತಾಳೆ’ ಎಂದು ಸಮಾಧಾನಪಡುತ್ತಿದ್ದರು. ನಮ್ಮ ವೇಳೆಗೆ ಮೈಕ್ರೋವೇವಿನ ಮೇಲಿನ ಗಡಿಯಾರ ಸಾಕಿತ್ತು.

ಟೆಲಿಸ್ಕೋಪು ಬಂದು ಇಪ್ಪತ್ತಾರು ದಿನವಾಯಿತು. ಅಷ್ಟರಲ್ಲಿ ಅದು ತೋರಿಸಿದ್ದು ಒಂದು ವಿಮಾನ ಮತ್ತು ಪಕ್ಕದ ಮನೆಯ ಚಿಮಣಿ. ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಮಾರನೆಯ ದಿನ ಶುಕ್ರವಾರ ರಜೆ, ಅವತ್ತೇ ಸಂಕಷ್ಟಿ. ಅತ್ತೆ ಪ್ರತಿ ಸಂಕಷ್ಟಿಗೂ ಉಪವಾಸವಿದ್ದು, ಚಂದ್ರನನ್ನು ನೋಡಿ, ಅರ್ಘ್ಯ ಕೊಟ್ಟು ಊಟ ಮಾಡುವವರು. ಬೆಳಿಗ್ಗೆ ಮೈಥಿಲಿ ನನ್ನ ಮುಂದೆ ಕಾಫಿ ಇಟ್ಟು ತೀರ್ಪು ಕೊಟ್ಟಳು: ‘ಇವತ್ತು ಅಮ್ಮನಿಗೆ ಚಂದ್ರನ್ನ ಮೊದಲು ಇದರಲ್ಲೇ ತೋರಿಸಿ. ತೋರಿಸಿದ್ರೆ ಇಟ್ಕೊಳ್ಳಿ. ಇಲ್ದಿದ್ರೆ ನಾಳೆ ರಿಟರ್ನ್ ಮಾಡ್ತೀನಿ.’

ಗಂಡಸಿಗೆ ರೋಷ ಬರಬಾರದ ಹೊತ್ತಿನಲ್ಲಿ ಬರುತ್ತದೆ. ‘ತೋರಿಸೋದೇನು, ಇದರಲ್ಲಿ ಚಂದ್ರನ್ನ ನೋಡೋವರೆಗೂ ನಾನೂ ಊಟ ಮಾಡಲ್ಲ’ ಎಂದುಬಿಟ್ಟೆ. ಒಳಗಿದ್ದ ಅತ್ತೆ ಬಾಗಿಲಿಗೆ ಬಂದು ನನ್ನ ಕಡೆ ಮೊದಲ ಬಾರಿಗೆ ಗೌರವದಿಂದ ನೋಡಿದರು. ಆ ನೋಟಕ್ಕೆ ಮರುಳಾಗಿ ಕಾಫಿಯನ್ನೂ ಪಕ್ಕಕ್ಕೆ ಸರಿಸಿದೆ.

ಮಧ್ಯಾಹ್ನದ ಹೊತ್ತಿಗೆ ಅಡುಗೆಮನೆಯಿಂದ ಕಡುಬಿನ ಹೂರಣದ ವಾಸನೆ ಬರತೊಡಗಿತು. ತೆಂಗಿನಕಾಯಿ, ಬೆಲ್ಲ, ಏಲಕ್ಕಿ. ನಾನು ಯಂತ್ರದ ಕೈಪಿಡಿ ಹಿಡಿದು ಮಹಡಿಗೆ ಓಡಿಹೋದೆ.

ಸಂಜೆ ಕತ್ತಲಾದ ಮೇಲೆ ಹಿತ್ತಿಲ ಕಡೆಯ ಮರದ ಜಗಲಿಯಲ್ಲಿ, ಅಂದರೆ ಡೆಕ್ಕಿನಲ್ಲಿ, ಯಂತ್ರಪ್ರತಿಷ್ಠಾಪನೆ ಮಾಡಿದೆ. ಮನೆಯ ಮುಂದೆ ಬೀದಿದೀಪದ ಕಾಟ. ಡೆಕ್ಕಿನಿಂದ ಯಾವ ದಿಕ್ಕು ಕಾಣುತ್ತದೆ ಎಂದು ನೀವು ಕೇಳಬಹುದು. ನನಗೆ ತಿಳಿದ ಪೂರ್ವ ಒಂದೇ, ಬೆಳಿಗ್ಗೆ ಆಫೀಸಿಗೆ ಹೋಗುವಾಗ ಟ್ರಾಫಿಕ್ಕಿನಲ್ಲಿ ಕಾರು ನಿಲ್ಲುವ ಹೆದ್ದಾರಿಯ ಬೋರ್ಡಿನ ಮೇಲಿನ ಪೂರ್ವ. ಉಳಿದ ದಿಕ್ಕುಗಳನ್ನು ಯಂತ್ರ ನೋಡಿಕೊಳ್ಳುತ್ತದೆ ಎಂದುಕೊಂಡಿದ್ದೆ.

ಚಳಿಗೆ ಎರಡು ಸ್ವೆಟರು, ಅದರ ಮೇಲೆ ಕೋಟು, ದಪ್ಪ ಗ್ಲೌಸು. ಗ್ಲೌಸು ತೊಡುವಾಗ ಅಡ್ಡವಾಗುತ್ತದೆಂದು ವಾಚು ಬಿಚ್ಚಿ ಒಳಗೆ ಇಟ್ಟಿದ್ದೆ. ಯಂತ್ರ ಊರು ಕೇಳಿತು, ಕೊಟ್ಟೆ. ತಾರೀಖು ಕೇಳಿತು, ಅಮೆರಿಕದ ಪದ್ಧತಿಯಂತೆ ತಿಂಗಳು ಮೊದಲು ಹಾಕಿ ಕೊಟ್ಟೆ (ವೃತ್ತಿಪರ ಅಂದರೆ ಹೀಗಿರಬೇಕು). ಗಂಟೆ ಕೇಳಿತು. ಗಾಜಿನ ಬಾಗಿಲಿನಿಂದ ಒಳಗೆ ಇಣುಕಿದೆ, ಗೋಡೆಯ ಮೇಲೆ ಆರು ಗಂಟೆ. ಸಂಜೆ ಆರು ಎಂದು ಕೊಟ್ಟೆ. ಆಮೇಲೆ ಅದು ಯಾವುದೋ ಎರಡು ನಕ್ಷತ್ರ ತೋರಿಸಿ, ಸರಿಯಿದೆಯೇ ಎಂದು ಕೇಳಿತು. ಒಂದು ಸಲ ಕಣ್ಣಿಗೆ ಕತ್ತಲೆ ಕಂಡಿತು, ಇನ್ನೊಂದು ಸಲ ಮತ್ತೆ ಚಿಮಣಿ. ಅರ್ಥವಾಗದೆ ಇದ್ದರೆ ಎಂಟರ್ ಒತ್ತಿ ಮುಂದೆ ಹೋಗುವುದು ನಮ್ಮ ಉದ್ಯೋಗದ ಧರ್ಮ. ಎರಡು ಸಲವೂ ಒತ್ತಿದೆ.

ಕೊನೆಗೆ ಚಂದ್ರ ಎಂದು ಒತ್ತಿದೆ. ಯಂತ್ರ ಗೊರಗುಟ್ಟಲಿಲ್ಲ. ಚಂದ್ರ ಇನ್ನೂ ದಿಗಂತದ ಕೆಳಗಿದ್ದಾನೆ, ಉದಯ ಎಂಟು ಹತ್ತಕ್ಕೆ ಎಂದು ಕೆಂಪು ಅಕ್ಷರದಲ್ಲಿ ಬರೆದು ಸುಮ್ಮನಾಯಿತು. ಎಷ್ಟು ಖಚಿತ! ಮೈಸೂರಿನ ಪಂಚಾಂಗ ನೋಡಿ, ಬೆರಳೆಣಿಸಿ, ವಾದ ಮಾಡಬೇಕಾದ ಲೆಕ್ಕವನ್ನು ಅಂಗೈಯಗಲದ ಪೆಟ್ಟಿಗೆ ಹೇಳಿಬಿಟ್ಟಿತಲ್ಲ ಎಂದು ಹೆಮ್ಮೆಯಾಯಿತು. ಇನ್ನು ಎರಡು ಗಂಟೆ ಕಾಯುವುದು ತಾನೆ ಎಂದು ಪ್ಲಾಸ್ಟಿಕ್ ಕುರ್ಚಿ ಎಳೆದು ಕೂತೆ.

ಸುಮಾರು ಹೊತ್ತಾದ ಮೇಲೆ ನಿಧಿ ಬಾಗಿಲು ಸರಿಸಿ ತಲೆ ಹೊರಗೆ ಹಾಕಿದಳು.

‘ಅಪ್ಪಾ, ಅಜ್ಜಿ ಸೇಸ್ ಮೂನ್ ಬಂತು. ಫ್ರಂಟಲ್ಲಿ ಇದೆ.’

ನಾನು ಯಂತ್ರ ನೋಡಿದೆ. ದಿಗಂತದ ಕೆಳಗೆ ಎಂದೇ ಹೇಳುತ್ತಿತ್ತು. ಗೋಡೆ ಗಡಿಯಾರ ನೋಡಿದೆ. ಅದೂ ಏಳು ಗಂಟೆ ಎಂದು ಯಂತ್ರದ ಪರವಾಗಿಯೇ ಸಾಕ್ಷಿ ಹೇಳಿತು. ‘ಅದು ಚಂದ್ರ ಅಲ್ಲ ಪುಟ್ಟಿ, ಶಾಪಿಂಗ್ ಸೆಂಟರಿನ ಲೈಟು. ಚಂದ್ರ ಇನ್ನೂ ಹುಟ್ಟೇ ಇಲ್ಲ ಅಂತ ಅಜ್ಜಿಗೆ ಹೇಳು’ ಎಂದೆ. ಅವಳು ಓಕೆ ಎಂದು ಹೋಗಿ, ಎರಡೇ ನಿಮಿಷದಲ್ಲಿ ವಾಪಸ್ ಬಂದಳು.

‘ಶಾಪಿಂಗ್ ಸೆಂಟರ್ ಲೈಟಲ್ಲಿ ಮೊಲ ಇರಲ್ಲ ಅಂತೆ.’

ಹಸಿದವರಿಗೆ ಎಲ್ಲದರಲ್ಲೂ ಏನಾದರೂ ಕಾಣುತ್ತದೆ ಎಂದು ನಾನು ಅತ್ತೆಯ ಬಗ್ಗೆ ಮರುಕಪಟ್ಟೆ. ಯಂತ್ರ ಹೇಳಿದ ಮೇಲೆ ಯಾರೂ ಅವಸರಪಡುವ ಅಗತ್ಯವಿಲ್ಲ, ಎಂಟು ಹತ್ತಕ್ಕೆ ಸರಿಯಾಗಿ ನಾನೇ ಕರೆಯುತ್ತೇನೆ ಎಂದು ಹೇಳಿ ಕಳಿಸಿದೆ. ಅಳಿಯನ ಮಾತಿಗೆ ಎದುರಾಡುವವರಲ್ಲ ಅವರು. ಮತ್ತೆ ಸುದ್ದಿ ಬರಲಿಲ್ಲ. ಎದ್ದು ಮನೆಯ ಮುಂದಕ್ಕೆ ಹತ್ತು ಹೆಜ್ಜೆ ನಡೆದು ನೋಡಬಹುದಿತ್ತಲ್ಲ ಎಂದು ನೀವು ಕೇಳುತ್ತೀರಿ. ಆಕಾಶವನ್ನು ಹೋಗಿ ನೋಡಿ ತಿಳಿಯುವುದಾದರೆ ಕಂಪ್ಯೂಟರ್ ಇರುವ ಟೆಲಿಸ್ಕೋಪನ್ನು ಯಾಕೆ ಕೊಳ್ಳಬೇಕು?

ಕಡೆಗೂ ಗಾಜಿನಾಚೆಯ ಗಡಿಯಾರದಲ್ಲಿ ಎಂಟು ಹತ್ತಾಯಿತು. ಯಂತ್ರ ಗೊರಗುಟ್ಟಿ ತಿರುಗಿ, ನಮ್ಮ ಮನೆಯ ಗೋಡೆಗೇ ಮೂತಿ ಇಟ್ಟು ನಿಂತಿತು. ಪೂರ್ವ ಮನೆಯ ಆಚೆಗಿದೆ ಎಂದು ಆಗ ಗೊತ್ತಾಯಿತು. ಇರಲಿ, ಮುಂದಕ್ಕೆ ಸಾಗಿಸೋಣ ಎಂದುಕೊಂಡು, ‘ಬನ್ನಿ, ಚಂದ್ರೋದಯವಾಗ್ತಿದೆ’ ಎಂದು ಘೋಷಿಸುತ್ತ ಒಳಗೆ ನುಗ್ಗಿದೆ.

ಮೈಥಿಲಿ ಪಾತ್ರೆ ತೊಳೆಯುತ್ತಿದ್ದಳು. ನಿಧಿ ಕೊನೆಯ ಕಡುಬಿನ ತುದಿ ಕಚ್ಚುತ್ತಿದ್ದಳು. ಅತ್ತೆ ಊಟ ಮುಗಿಸಿ ಎಲೆಯಡಿಕೆ ಹಾಕುತ್ತಿದ್ದರು. ಮೈಕ್ರೋವೇವಿನ ಮೇಲೆ ಹಸಿರು ಅಂಕಿಗಳಲ್ಲಿ ಒಂಬತ್ತು ನಲವತ್ತು.

ನಾನು ಗೋಡೆಯ ಕಡೆ ನೋಡಿದೆ, ಮೈಕ್ರೋವೇವಿನ ಕಡೆ ನೋಡಿದೆ. ಅತ್ತೆ ಎಲೆಯಡಿಕೆಯನ್ನು ದವಡೆಗೆ ಸರಿಸಿ, ಹನ್ನೊಂದು ವರ್ಷದಲ್ಲಿ ಮೊದಲ ಬಾರಿಗೆ ನನ್ನನ್ನೇ ಉದ್ದೇಶಿಸಿ ಮಾತಾಡಿದರು.

‘ಆ ಗಡಿಯಾರ ನಮ್ಮೂರಿಂದು, ಅಲ್ಲೀಗ ಬೆಳಿಗ್ಗೆ ಎಂಟು ಹತ್ತು. ನೀವೇ ಇಟ್ಟುಕೊಟ್ರಿ.’

ಮೈಥಿಲಿ ನಗಲಿಲ್ಲ. ನಕ್ಕಿದ್ದರೆ ಚೆನ್ನಾಗಿತ್ತು. ಇಡೀ ದೇಶದ ಗಡಿಯಾರ ರಿಪೇರಿ ಮಾಡೋರು ಎಂದು ಸಿಂಕಿಗೆ ಹೇಳಿದಳು. ನಾನು ಯಂತ್ರವನ್ನು ಹೊತ್ತು ಮನೆಯ ಮುಂದೆ ಇಟ್ಟೆ. ಅಷ್ಟರಲ್ಲಿ ಆಕಾಶದ ತುಂಬ ಮೋಡ. ಒಂದೂವರೆ ಗಂಟೆ ಎಲ್ಲರಿಗೂ ದರ್ಶನ ಕೊಟ್ಟ ಚಂದ್ರ ನನ್ನ ಪಾಲಿಗೆ ಒಳಗೆ ಹೋಗಿದ್ದ. ಸೋತೆ ಎಂದು ಒಪ್ಪಿಕೊಂಡು, ಬಂದು ತಟ್ಟೆಯ ಮುಂದೆ ಕೂತೆ.

ತಟ್ಟೆ ಮುಚ್ಚಿತ್ತು. ಮುಚ್ಚಳದ ಮೇಲೆ ಅತ್ತೆಯ ಕೈಯಿತ್ತು.

‘ನೋಡದೆ ಊಟ ಮಾಡಲ್ಲ ಅಂತ ನೀವೇ ಸಂಕಲ್ಪ ಮಾಡಿದ್ದೀರಿ. ಮುರೀಬಾರದು’ ಎಂದರು. ಹನ್ನೊಂದು ವರ್ಷ ಅವರು ಸುಮ್ಮನಿದ್ದುದೇ ಎಷ್ಟು ಸುಖವಾಗಿತ್ತೆಂದು ನನಗೆ ಆಗ ಅರಿವಾಯಿತು.

ಹನ್ನೆರಡು ಗಂಟೆಗೆ (ಮೈಕ್ರೋವೇವಿನ ಹನ್ನೆರಡು) ಮೋಡ ಸರಿಯಿತು. ಯಂತ್ರ ಏನೂ ಹೇಳುವ ಮೊದಲೇ ನಾನು ದಾನಪ್ಪನ ಹಾಗೆ ಕೊಳವೆಯನ್ನು ಕೈಯಲ್ಲೇ ತಳ್ಳಿ, ಚಂದ್ರನ ಕಡೆ ತಿರುಗಿಸಿ ಕಣ್ಣಿಟ್ಟೆ. ಕುಳಿ, ಬೆಟ್ಟ, ಬೆಳ್ಳಗಿನ ಬಯಲು, ಎಷ್ಟು ಚೆಂದವಿತ್ತು ಗೊತ್ತೇ! ಅದೊಂದು ಕ್ಷಣ ಹಸಿವನ್ನೂ ಮರೆತೆ. ಆಮೇಲೆ ಓಡಿಬಂದು ತಣ್ಣಗಾದ ಅನ್ನ ಉಂಡೆ. ಕಡುಬು ಉಳಿದಿರಲಿಲ್ಲ.

ಬೆಳಿಗ್ಗೆ ಮೈಥಿಲಿ ಪೆಟ್ಟಿಗೆ, ರಿಸೀಟು, ಕಾರಿನ ಕೀಲಿ ಎಲ್ಲವನ್ನೂ ಜೋಡಿಸಿಕೊಂಡು ನಿಂತಿದ್ದಳು. ತಡೆದವರು ಅತ್ತೆ. ‘ಅದನ್ನ ಯಾಕೆ ವಾಪಸ್ ಕೊಡ್ತೀಯೇ? ಅದರಲ್ಲಿ ನೋಡಿಯೇ ಊಟ ಮಾಡ್ತೀನಿ ಅಂತ ವ್ರತ ಹಿಡಿದಿದ್ದಾರೆ. ಹಿಡಿದ ಮೇಲೆ ಇಪ್ಪತ್ತೊಂದು ಸಂಕಷ್ಟಿ ಆಗಬೇಕು.’

ಮೈಥಿಲಿ ನನ್ನ ಮುಖ ನೋಡಿದಳು, ಪೆಟ್ಟಿಗೆ ಕೆಳಗಿಟ್ಟಳು. ಈಗ ನಕ್ಕಳು. ಹೊಸ ಕ್ಯಾಲೆಂಡರ್ ಬಿಚ್ಚಿ ಕೆಂಪು ಪೆನ್ನಿನಿಂದ ಒಂದೊಂದೇ ಗುರುತು ಹಾಕತೊಡಗಿದಳು.

ಎರಡು ಸಾವಿರದ ಇಸವಿ ಬಂತು, ಪ್ರಳಯವಾಗಲಿಲ್ಲ, ಸರ್ಕಾರದ ಗಡಿಯಾರಗಳೆಲ್ಲ ಸರಿಯಾಗಿ ನಡೆಯುತ್ತಿವೆ. ಟೆಲಿಸ್ಕೋಪು ನನ್ನದೇ ಆಗಿ ಮನೆಯ ಮುಂದೆ ನಿಂತಿದೆ. ನಾಳೆ ಮೂರನೆಯ ಸಂಕಷ್ಟಿ. ಈಗಷ್ಟೇ ಟಿವಿಯಲ್ಲಿ ನಾಳೆಯಿಂದ ಮೂರು ದಿನ ದಟ್ಟ ಮೋಡ ಎಂದರು. ಅತ್ತೆ ಕಡುಬಿಗೆ ಕಾಯಿ ತುರಿಯುತ್ತ, ನಿಧಿಯನ್ನು ಕರೆಯದೆ, ನೇರವಾಗಿ ನನಗೇ ಹೇಳಿದರು, ‘ಇವತ್ತೇ ಹೊಟ್ಟೆ ತುಂಬ ಊಟ ಮಾಡಿಬಿಡಿ.’