ಎರಡು ಮೊಳ ದೂರದ ಕಂಪ್ಯೂಟರನ್ನು ಇನ್ನೂ ಹುಡುಕುತ್ತಿರುವ ಹೆಡ್‌ಸೆಟ್ ಅವರಿಗೆ

ಇವರಿಗೆ,
ಶ್ರೀಮಾನ್ ಸ್ವಯಂಪೂರ್ಣ ವಿಆರ್ ಹೆಡ್‌ಸೆಟ್ ಅವರು,
ಪಡಸಾಲೆಯ ಟೇಬಲ್ಲಿನ ಎಡತುದಿ, ನಮ್ಮ ಮನೆ, ಹಳಿಯಾಳ.

ವಿಷಯ: ಅದೇ ಟೇಬಲ್ಲಿನ ಬಲತುದಿಯಲ್ಲಿ ಖಾಯಂ ವಾಸವಾಗಿರುವ ಗೇಮಿಂಗ್ ಪಿಸಿಯವರ ಪರಿಚಯ ಮಾಡಿಕೊಳ್ಳಲು ತಾವು ಪಟ್ಟ ಸಂಕೋಚದ ಕುರಿತು.

ಉಲ್ಲೇಖ: 'ಕಂಪ್ಯೂಟರ್ ಹುಡುಕಲಾಗುತ್ತಿದೆ' ಎಂಬ ತಮ್ಮ ತಿರುಗುವ ಉತ್ತರ, ದಿನಕ್ಕೆ ಮೂವತ್ತು ಸಲದಂತೆ ಹತ್ತು ದಿನ.

ಮಾನ್ಯರೇ,

ತಲೆಯ ಮೇಲೆ ಕೂರುವವರಿಗೆ ತಲೆಬಾಗಿ ವಂದಿಸುವುದು ಹೇಗೆಂದು ಬಹಳ ಯೋಚಿಸಿದೆ. ಬಾಗಿದರೆ ತಾವು ಜಾರುತ್ತೀರಿ, ಜಾರಿದರೆ ಸರಿಯಾಗಿ ಧರಿಸಿಕೊಳ್ಳಿ ಎಂದು ನನ್ನನ್ನೇ ಗದರುತ್ತೀರಿ. ಆದ್ದರಿಂದ ಕತ್ತನ್ನು ಕಂಬದಂತೆ ನಿಲ್ಲಿಸಿಕೊಂಡೇ, ಹಳಿಯಾಳ ತಾಲೂಕಿನ ಸಮಸ್ತ ಕೇಬಲ್ಲು, ಪ್ಲಗ್ಗು ಹಾಗೂ ನೊಂದ ಬಳಕೆದಾರರ ಪರವಾಗಿ ನನ್ನ ಪ್ರಣಾಮಗಳನ್ನು ಅರ್ಪಿಸುತ್ತಿದ್ದೇನೆ. ತಾವು ಕ್ಷೇಮವಾಗಿದ್ದೀರೆಂದು ತಮ್ಮ ಹಸಿರು ದೀಪದಿಂದ ತಿಳಿಯಿತು. ನಮ್ಮ ಕ್ಷೇಮವನ್ನು ತಾವು ವಿಚಾರಿಸುವುದಿಲ್ಲವೆಂಬುದೂ ತಿಳಿಯಿತು.

ತಾವು ನಮ್ಮ ಮನೆಗೆ ಬಂದದ್ದೇ ಒಂದು ಸೌಭಾಗ್ಯ. ಹುಬ್ಬಳ್ಳಿಯ ನಮ್ಮ ಮಾವ ತಮ್ಮನ್ನು ಒಂದು ವಾರ ಧರಿಸಿ, ಎಂಟನೆಯ ದಿನ ಡಬ್ಬಿ ಸಮೇತ ನನ್ನ ಕೈಗಿಟ್ಟು, "ತಗೋಪಾ ಉದಯ, ಇದನ್ನ ಹಾಕ್ಕೊಂಡ್ರ ನನಗ ತೆಲಿ ತಿರಗತೈತಿ, ನಿಂದು ಹೆಂಗೂ ತಿರಗಿದ್ದ ಐತಿ" ಎಂದು ಹರಸಿದರು. ಡಬ್ಬಿಯ ಮೇಲೆ ತಮ್ಮ ಬಿರುದಾವಳಿ ಅಚ್ಚಾಗಿತ್ತು: ಕಂಪ್ಯೂಟರ್ ಬೇಡ, ವೈರು ಬೇಡ, ಯಾರ ಹಂಗೂ ಬೇಡ. ಇಷ್ಟು ಸ್ವಾಭಿಮಾನಿಗಳನ್ನು ನಮ್ಮ ಓಣಿಯಲ್ಲಿ ನಾನು ಕಂಡಿರಲಿಲ್ಲ. ನಮ್ಮ ಅಜ್ಜಿ ಕಾಶೆವ್ವ ಮಾತ್ರ ತಮ್ಮನ್ನು ಹಿಂದೆ ಮುಂದೆ ತಿರುಗಿಸಿ, "ಇದು ಗಾಣದೆತ್ತಿಗೆ ಕಟ್ಟೂ ಕಣ್ಣಪಟ್ಟಿ ಅಲ್ಲೇನೋ?" ಎಂದಳು. ಘನತೆಗೆ ಕುಂದು ಬಂದಿದ್ದರೆ ಆಕೆಯ ಪರವಾಗಿ ಕ್ಷಮೆ ಕೋರುತ್ತೇನೆ. ಆದರೆ ತಮ್ಮನ್ನು ಕಟ್ಟಿಕೊಂಡು ಹತ್ತು ದಿನ ಒಂದೇ ಪಡಸಾಲೆಯಲ್ಲಿ ಸುತ್ತಿದ ಮೇಲೆ ಆಕೆಯ ಮಾತನ್ನು ಪೂರ್ತಿ ತಳ್ಳಿಹಾಕುವ ಧೈರ್ಯ ನನಗಿಲ್ಲ.

ಇಂಥ ಸ್ವತಂತ್ರರನ್ನು ಒಂದು ಪಿಸಿಗೆ ಗಂಟು ಹಾಕುವ ಪಾಪಕ್ಕೆ ನಾನೇಕೆ ಇಳಿದೆನೆಂಬುದನ್ನು ನಿವೇದಿಸಿಕೊಳ್ಳಬೇಕು. ನನ್ನ ಗೆಳೆಯ ದಿನೇಶ ಮುಂಡಗೋಡ ತಾಲೂಕಿನ ಮಳಗಿ ಹತ್ತಿರದ ತಾಂಡಾದವನು, ನನ್ನ ಜೊತೆ ಐಟಿಐ ಓದಿದವನು. ಅವನ ತಾಯಿ ಧರ್ಮಿಬಾಯಿಯವರು ಇಪ್ಪತ್ತು ವರ್ಷಗಳಿಂದ ಹಂಗಾಮು ಬಂತೆಂದರೆ ಹಳಿಯಾಳ ಸೀಮೆಗೆ ಬಂದು ಕಬ್ಬು ಕಡಿಯುವವರು. ಈ ವರ್ಷ ಪಕ್ಕದ ಸಾಂಬ್ರಾಣಿ ಊರಿನ ಲಗಮಪ್ಪನವರು ಕಬ್ಬು ಕಟಾವಿನ ಮಷೀನು ತಂದರು. ಒಂದು ಗ್ಯಾಂಗು ದಿನವಿಡೀ ಕಡಿಯುವುದನ್ನು ನೋಡನೋಡುತ್ತ ನುಂಗುವಂಥದ್ದು. ಅದಕ್ಕೆ ಆಪರೇಟರ್ ಬೇಕು, ಇನ್ನು ಹತ್ತು ದಿನಕ್ಕೆ ಓಡಿಸಿ ತೋರಿಸುವ ಟ್ರಯಲ್ ಎಂಬ ಸುದ್ದಿ ಬಂತು. ಅನುಭವ ಇದ್ದವರಿಗೆ ಮಾತ್ರ ಸೀಟು. ಸೀಟಿನ ಮೇಲೆ ಕೂತವರಿಗೆ ಮಾತ್ರ ಅನುಭವ. ಈ ನಿಯಮ ಮಾಡಿದವರು ತಮ್ಮ ನೆಂಟರಿರಬಹುದೆಂಬ ಗುಮಾನಿ ನನಗಿದೆ. ಧರ್ಮಿಬಾಯಿಯವರು ಮಗನಿಗೆ ಒಂದೇ ಮಾತು ಹೇಳಿ ನಮ್ಮ ಮನೆಗೆ ಕಳಿಸಿದ್ದರು: "ನಮ್ಮ ಕೂಳ ತಿನ್ನಾಕ ಬಂದೈತಿ ಆ ಮಷೀನು. ತಿನ್ನೂದು ತಪ್ಪಾಂಗಿಲ್ಲ ಅಂದ್ರ ಅದರ ಲಗಾಮರ ನಿನ್ನ ಕೈಯಾಗ ಇರ್ಲಿ."

ನನ್ನ ಪಿಸಿಯಲ್ಲಿ ಕಬ್ಬು ಕಟಾವಿನ ಆಟವೊಂದಿತ್ತು. ಸೀಟು, ಹಿಡಿಕೆ, ಗುಂಡಿ, ಮುಂದೆ ನಿಂತ ಕಬ್ಬು, ಎಲ್ಲ ಇದ್ದಂತೆಯೇ. ಅದನ್ನು ಸ್ಕ್ರೀನಿನಲ್ಲಿ ನೋಡಿದರೆ ಆಟ, ತಮ್ಮೊಳಗೆ ಕೂತು ನೋಡಿದರೆ ಕ್ಯಾಬಿನ್ನು. ಆದರೆ ಅಷ್ಟು ಭಾರದ ಆಟ ತಮ್ಮೊಬ್ಬರ ತಲೆಯಲ್ಲಿ ಹಿಡಿಸದು. ಪಿಸಿ ಓಡಿಸಬೇಕು, ತಾವು ತೋರಿಸಬೇಕು, ದಿನೇಶ ಕಲಿಯಬೇಕು; ಇಷ್ಟೇ ನಮ್ಮ ದುರಾಸೆ.

ಅಷ್ಟರಲ್ಲಿ ಖಂಡೇಪೂಜೆ ಬಂತು. ಆಯುಧಗಳಿಗೆ, ಗಾಡಿಗಳಿಗೆ ಪೂಜೆಯಾಗುವ ದಿನ "ಹೊಸಾ ಮಷೀನಿಗೆ ಪೂಜಿ ಇಲ್ಲದ ಕೈ ಹಚ್ಚಬ್ಯಾಡ್ರಿ" ಎಂದು ಅಜ್ಜಿ ತಮ್ಮನ್ನು ಮಣೆಯ ಮೇಲೆ, ತನ್ನ ಕುಡುಗೋಲು ಮತ್ತು ನನ್ನ ಬೈಕಿನ ಕೀಲಿಯ ನಡುವೆ ಕೂರಿಸಿ, ಹಣೆಗೆ ಮೂರು ಬೆರಳಿನ ವಿಭೂತಿ ಎಳೆದಳು. ಪೂಜೆ ಮಾಡಿಸುವ ಅಯ್ನಾರು ಬರುವುದು ತಡವಾದ್ದರಿಂದ ಆ ಸ್ಥಾನವನ್ನು ನಾನೇ ಅಲಂಕರಿಸಿ, ಹೆಗಲಿಗೆ ಟವೆಲ್ಲು ಹೊದ್ದು, ಗಂಟಲು ದಪ್ಪ ಮಾಡಿ, ಪಾಸ್‌ವರ್ಡ್ ಮರೆಯದಿರಲಿ, ಬ್ಯಾಟರಿ ಇಳಿಯದಿರಲಿ, ಪಿಸಿಯೊಡನೆ ದೀರ್ಘ ದಾಂಪತ್ಯ ಲಭಿಸಲಿ ಎಂದು ಹರಸಿ, ಮದುವೆಮನೆಯ ಧಾಟಿಯಲ್ಲಿ ಬೊಗಸೆ ಬೊಗಸೆ ಅಕ್ಷತೆ ಎರಚಿದೆ. ದಿನೇಶ ನಕ್ಕು ನಕ್ಕು ಗೋಡೆಗೆ ಒರಗಿದ. ಇದನ್ನು ಇಲ್ಲಿ ಹೇಳುತ್ತಿರುವುದು ಕೇವಲ ದಾಖಲೆಗಾಗಿ.

ಪೂಜೆ ಮುಗಿದು ತಮ್ಮನ್ನು ಧರಿಸಿದರೆ, ಮಟಮಟ ಮಧ್ಯಾಹ್ನ, 'ಕೋಣೆ ಕತ್ತಲಾಗಿದೆ, ದೀಪ ಹಚ್ಚಿ' ಎಂದಿರಿ. ಟ್ಯೂಬ್‌ಲೈಟು ಹಚ್ಚಿದೆವು, ಬಾಗಿಲು ಕಿಟಕಿ ತೆರೆದೆವು, ಕೊನೆಗೆ ಅಜ್ಜಿ ಕಂದೀಲು ಹಿಡಿದು ತಮ್ಮ ಮುಂದೆ ನಿಂತು, "ಇನ್ನೂ ಕತ್ತಲಂತೇನ ಅದಕ್ಕ?" ಎಂದು ಕೇಳಿದಳು. ವಿಭೂತಿ ಬಿದ್ದದ್ದು ತಮ್ಮ ಹಣೆಗಲ್ಲ, ಹಣೆಯಲ್ಲೇ ಇರುವ ತಮ್ಮ ಕ್ಯಾಮೆರಾ ಕಣ್ಣುಗಳಿಗೆ ಎಂಬುದು ತಿಳಿಯಲು ಒಂದು ಇಡೀ ದಿನ ಹೋಯಿತು. ಒರೆಸಿದೆವು. ಭಕ್ತಿ ತಡೆಯದ ದೇಹಪ್ರಕೃತಿ ತಮ್ಮದೆಂದು ಮೊದಲೇ ಡಬ್ಬಿಯ ಮೇಲೆ ಬರೆದಿದ್ದರೆ ಉಪಕಾರವಾಗುತ್ತಿತ್ತು.

ಮುಂದೆ ವೈರಿಲ್ಲದ ದಾರಿ ಹಿಡಿದೆವು. ಅದಕ್ಕೆ ವೈಫೈ ರೌಟರ್ ಪಿಸಿಯ ಪಕ್ಕದಲ್ಲಿರಬೇಕು. ನಮ್ಮ ರೌಟರು ಇರುವುದು ದೇವರ ಜಗಲಿಯ ಮೇಲೆ, ಕರೆಂಟು ಹೋದರೂ ಆರದ ಪ್ಲಗ್ಗು ಇರುವುದು ಅಲ್ಲೊಂದೇ ಕಡೆ. ಕೈ ಹಾಕಿದೆನೋ ಇಲ್ಲವೋ ಅಜ್ಜಿ, "ಅದು ತನ್ನ ಪಾಡಿಗೆ ದೀಪ ಹಚ್ಚಿಕೊಂಡು ದೇವರ ಮುಂದ ಕುಂತೈತಿ, ಅದನ್ಯಾಕ ಎಬಸ್ತೀಯೋ?" ಎಂದು ತಡೆದಳು. ಹೀಗಾಗಿ ಎರಡು ಗೋಡೆ ದಾಟಿ ಬಂದ ಕಬ್ಬಿನ ಗದ್ದೆ ತಮ್ಮೊಳಗೆ ಚೌಕಾಬಾರದ ಮನೆಗಳಂತೆ ಕಂಡಿತು. ದಿನೇಶ ಎಡಕ್ಕೆ ತಿರುಗಿದರೆ, ಒಂದು ಎಲೆ-ಅಡಿಕೆ ಹಾಕಿಕೊಳ್ಳುವಷ್ಟು ಹೊತ್ತಾದ ಮೇಲೆ ಗದ್ದೆ ಎಡಕ್ಕೆ ತಿರುಗುತ್ತಿತ್ತು. ಮೂರನೆಯ ಸುತ್ತಿಗೆ ಅವನು ತಮ್ಮನ್ನು ಕಿತ್ತಿಟ್ಟು ಹಿತ್ತಲಿಗೆ ಓಡಿದ. ಅಜ್ಜಿ ಹಿಂದಿನಿಂದ ಲಿಂಬೆಹಣ್ಣು ಹಿಡಿದು ಓಡಿದಳು.

ಉಳಿದದ್ದು ಕೇಬಲ್ಲು. ದಾಂಡೇಲಿಗೆ ಹೋಗಿ ಐದು ಮೀಟರಿನದನ್ನು ತಂದೆ. ಚಾರ್ಜ್ ಆಯಿತು, ಮಾತುಕತೆ ಆಗಲಿಲ್ಲ. ಊಟಕ್ಕೆ ಬರುತ್ತೇನೆ, ಯಾರ ಜೊತೆಗೂ ಮಾತಾಡುವುದಿಲ್ಲ ಎಂದು ಮುನಿಸಿಕೊಂಡ ಅಳಿಯನಂತೆ ತಾವು ಕರೆಂಟು ಮಾತ್ರ ಸ್ವೀಕರಿಸಿದಿರಿ. ಪ್ಲಗ್ಗನ್ನು ಬೆರಳಲ್ಲಿ ಒತ್ತಿ ಹಿಡಿದರೆ ಕಂಪ್ಯೂಟರ್ ಸಿಕ್ಕಿತು ಎನ್ನುವಿರಿ, ಬೆರಳು ತೆಗೆದರೆ ಮತ್ತೆ ಹುಡುಕುವಿರಿ. ನಡುನಡುವೆ ನನ್ನ ಹುಟ್ಟಿದ ದಿನ ಕೇಳಿದಿರಿ, ಫೋನ್ ನಂಬರು ಕೇಳಿದಿರಿ, ಕೋಣೆಯ ಅಳತೆ ಕೇಳಿದಿರಿ, ಎಲ್ಲ ಒಪ್ಪಿದ ಮೇಲೆ 'ಒಪ್ಪುವಿರಾ?' ಎಂದು ಮತ್ತೆ ಕೇಳಿದಿರಿ. ನಮ್ಮ ಅಕ್ಕ ರಾಜಶ್ರೀಯನ್ನು ನೋಡಲು ಬಂದವರೂ ಇಷ್ಟು ಕೇಳಿರಲಿಲ್ಲ. ಕೇಳಿದ ಮೇಲೆ ಅವರು ಅವಲಕ್ಕಿ ತಿಂದು ಒಂದು ಉತ್ತರವನ್ನಾದರೂ ಕೊಟ್ಟು ಹೋದರು. ದಿನೇಶನಂತೂ ಮೊಬೈಲ್ ಟಾರ್ಚು ಹಿಡಿದು ಪಿಸಿಯ ಆರೂ ತೂತುಗಳನ್ನು, ಕೇಬಲ್ಲಿನ ಎರಡೂ ತುದಿಗಳನ್ನು ಒಂದೊಂದಾಗಿ ಕೀಳುವುದು, ಊದುವುದು, ಒರೆಸುವುದು, ಒತ್ತುವುದು. ನಿದ್ದೆಯಲ್ಲಿ ಎಬ್ಬಿಸಿದರೂ ಅದನ್ನೇ ಮಾಡುವಷ್ಟು ರೂಢಿಯಾಯಿತು.

ಒಂಬತ್ತನೆಯ ದಿನ ಅವನು ತಮ್ಮನ್ನು ಪಕ್ಕಕ್ಕಿಟ್ಟು, ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕಣ್ಣು ಮುಚ್ಚಿ ಕೂತು, ಒಂದು ಕೈಯಲ್ಲಿ ಲಟ್ಟಣಿಗೆ, ಇನ್ನೊಂದರಲ್ಲಿ ಸವಟು ಹಿಡಿದು, "ಇದನ್ನ ಹಿಂದಕ್ಕ ಎಳದ್ರ ಕಟರ್ ಏಳತೈತಿ, ಮುಂದಕ್ಕ ನೂಕಿದ್ರ ಇಳೀತೈತಿ" ಎಂದು ತನ್ನಷ್ಟಕ್ಕೆ ಹೇಳಿಕೊಳ್ಳತೊಡಗಿದ. ಅಜ್ಜಿ ರೊಟ್ಟಿ ಬಡಿಯುವುದನ್ನು ಬಿಟ್ಟು ಬಂದು, ಹಿಂದೆ ನಿಂತು ಬಾಯಲ್ಲಿ ಎಂಜಿನ್ನಿನ ಸದ್ದು ಮಾಡಿದಳು. ನಾನು ನಗಲಿಲ್ಲ. ತಾವು ಗಮನಿಸಿರಲಿಕ್ಕಿಲ್ಲ, ತಾವು ಹುಡುಕುತ್ತಿದ್ದಿರಿ.

ಟ್ರಯಲ್ಲಿನ ದಿನ ಧರ್ಮಿಬಾಯಿಯವರು ಬೆಳಗಿನ ಬಸ್ಸಿಗೇ ನಮ್ಮ ಮನೆಗೆ ಬಂದರು. ನಾನು ಕೊನೆಯ ಸಲವೆಂದು ಪ್ಲಗ್ಗು ಒತ್ತುತ್ತಿದ್ದೆ. "ಕೊಡ್ ತಮ್ಮಾ ಇಲ್ಲೆ" ಎಂದು ಅವರು ತಮ್ಮನ್ನು ಇಸಿದುಕೊಂಡು, ಬಾಗಿಲ ಬಿಸಿಲಿಗೆ ಹಿಡಿದು, ನಾವು ಹತ್ತು ದಿನ ನೋಡದ ಜಾಗವನ್ನು, ಅಂದರೆ ಕೇಬಲ್ಲಿನ ಪ್ಲಗ್ಗು ಕೂರುವ ತಮ್ಮ ಬಾಯನ್ನೇ ನೋಡಿದರು. "ಬಾಯಾಗ ಕಾಳ ಕುಂತೈತಲ್ಲೋ." ಕಸೂತಿ ಹಾಕುವ ಸೂಜಿಯನ್ನು ಕುಪ್ಪಸದಿಂದ ತೆಗೆದು ಒಂದೇ ಸಲ ಮೀಟಿದರು. ಕುಂಕುಮ ಹತ್ತಿದ ಅರ್ಧ ಅಕ್ಕಿಕಾಳು ಅಂಗೈ ಮೇಲೆ ಬಿತ್ತು. ಅಜ್ಜಿ ಅದನ್ನು ನೋಡಿದಳು, ನನ್ನನ್ನು ನೋಡಿದಳು, "ಅವತ್ತ ಪೂಜಿ ಮಾಡಿದ ಅಯ್ನಾರು ಯಾರಪಾ?" ಎಂದು ಬಹಳ ಮೆತ್ತಗೆ ಕೇಳಿದಳು.

ಈ ಬಗ್ಗೆ ನಾನು ನನ್ನದೇ ಅಧ್ಯಕ್ಷತೆಯಲ್ಲಿ ನಿಷ್ಪಕ್ಷಪಾತ ವಿಚಾರಣೆ ನಡೆಸಿದ್ದು, ಅಕ್ಷತೆ ಎರಚಿದವನದು ಏನೂ ತಪ್ಪಿಲ್ಲ, ಎರಚುವಾಗ ಬಾಯಿ ತೆರೆದುಕೊಂಡು ಕೂತವರದೇ ತಪ್ಪು ಎಂಬ ತೀರ್ಮಾನಕ್ಕೆ ಬಂದಿದ್ದೇನೆ. ಅಜ್ಜಿಯೊಬ್ಬಳು ಮಾತ್ರ ವರದಿಗೆ ಇನ್ನೂ ಸಹಿ ಹಾಕಿಲ್ಲ.

ಈ ಸಲ ಪ್ಲಗ್ಗು ಟಕ್ಕೆಂದು ಕೂತಿತು. ದಿನೇಶ ಧರಿಸಿದ. "ಯಾಡಿ, ಕಬ್ಬು ಕಾಣಾಕತ್ತೈತಿ!" ಎಂದು ತಾಯಿಯನ್ನು ಕೂಗಿದ, ಗಾಳಿಯಲ್ಲಿ ಹಿಡಿಕೆಗೆ ಕೈ ಚಾಚಿದ. ಚಾಚಿದ ಕೈ ಅಲ್ಲೇ ನಿಂತಿತು. ಹತ್ತು ದಿನ ಬರೀ ಹುಡುಕುತ್ತಿದ್ದ ತಾವು ಆಗ ಬಾಯಿ ಬಿಟ್ಟು ಹೇಳಿದ್ದು: ಅಪ್‌ಡೇಟ್ ಅಗತ್ಯವಿದೆ, ಒಂದು ಗಂಟೆ ನಲವತ್ತು ನಿಮಿಷ, ದಯವಿಟ್ಟು ಆರಿಸಬೇಡಿ. ಸಾಂಬ್ರಾಣಿ ಬಸ್ಸಿಗೆ ಹದಿನೈದು ನಿಮಿಷವಿತ್ತು. ದಿನೇಶ ತಮ್ಮನ್ನು ನಿಧಾನಕ್ಕೆ ಕೆಳಗಿಟ್ಟು, ತಾಯಿಯ ಸೂಜಿಯನ್ನು ಅಂಗಿಯ ಕಾಲರಿಗೆ ಚುಚ್ಚಿಕೊಂಡು ಹೊರಟ. ಅವನ ಜಾಗದಲ್ಲಿ ನಾನಿದ್ದಿದ್ದರೆ ತಮ್ಮನ್ನು ಅಷ್ಟು ನಿಧಾನಕ್ಕೆ ಇಡುತ್ತಿರಲಿಲ್ಲ.

ಧರ್ಮಿಬಾಯಿಯವರೂ ನಾನೂ ಅವನ ಜೊತೆಗೇ ಹೋದೆವು. ಸಾಂಬ್ರಾಣಿಯಲ್ಲಿ ಅವನಿಗಿಂತ ಮುಂಚೆ ಇಬ್ಬರು ಅನುಭವಸ್ಥರು ಮಷೀನು ಓಡಿಸಿ ಮೀಸೆ ತಿರುವಿಕೊಂಡು ಇಳಿದರು. ದಿನೇಶ ಹತ್ತಿದ, ಚಾಲೂ ಮಾಡಿದ, ಹತ್ತು ಮಾರು ಹೋಗಿರಬೇಕು, ಮಷೀನು ಗಪ್ಪಾಯಿತು. ಕ್ಯಾಬಿನ್ನಿನಲ್ಲಿ ಕೆಂಪು ದೀಪ. "ಇಳಸ್ರಿ ಅವನ್ನ, ಏನೋ ಮುಟ್ಟ್ಯಾನ!" ಎಂದು ಬದುವಿನ ಮೇಲಿದ್ದವರೆಲ್ಲ ಒಟ್ಟಿಗೆ ಎದ್ದರು. ಧರ್ಮಿಬಾಯಿಯವರು ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಬಿಚ್ಚಿ ಸುತ್ತುತ್ತಿದ್ದರು. ದಿನೇಶ ಇಳಿದು ಬಂದು ಲಗಮಪ್ಪನವರನ್ನು ಒಂದೇ ಪ್ರಶ್ನೆ ಕೇಳಿದ: "ಯಜಮಾನ್ರ, ಖಂಡೇಪೂಜಿ ಹೆಂಗ ಮಾಡಿದ್ರಿ?"

"ಹೆಂಗ ಅಂದ್ರ? ಪೈಪ್ ಹಿಡದು ಒಳಗ ಹೊರಗ ತೊಳದು, ಮೂತಿ ತುಂಬ ಚೆಂಡಹೂವಿನ ಮಾಲಿ ಹಾಕಿ. ಮಷೀನು ನಿಂತೈತಿ, ನೀ ಪೂಜಿ ಕೇಳ್ತೀಯಲ್ಲೋ?"

ದಿನೇಶ ಆಗಲೇ ಮಷೀನಿನ ಅಡಿಗೆ ಹೋಗಿ ಅಂಗಾತ ಮಲಗಿದ್ದ. ಒಂದೊಂದೇ ವೈರಿನ ಪ್ಲಗ್ಗು ಕಿತ್ತು, ಟಾರ್ಚು ಹಾಕಿ, ಊದಿ, ಒರೆಸಿ, ಒತ್ತಿ, ನಾಲ್ಕನೆಯದರ ಬಾಯಲ್ಲಿ ಕೊಳೆತು ಅಂಟಿಕೊಂಡಿದ್ದ ಚೆಂಡುಹೂವಿನ ಎಸಳನ್ನು ಸೂಜಿಯಿಂದ ಮೀಟಿ ತೆಗೆದ. ಮಷೀನು ಗುಡುಗಿ ಎದ್ದಿತು. ಲಗಮಪ್ಪನವರು ಆ ಎಸಳನ್ನು ಅಂಗೈ ಮೇಲೆ ಹೊರಳಿಸಿ ನೋಡಿ, "ಓಡ್ಸಾವ್ರು ಇಬ್ರು ಸಿಕ್ಕಾರ, ನಿಂತಿದ್ದನ್ನ ಎಬಸಾಂವ ನೀ ಒಬ್ಬನ" ಎಂದರು. ದಿನೇಶ ಸೀಟಿನ ಕಡೆ ಕೈ ಮಾಡಿದ. ಅವರು ಗೊಣಗಿಕೊಂಡು, "ಆತಪಾ, ಮುಂಜಾನಿ ರಿಪೇರಿಗೆ ಪಾನಾ ಹಿಡಿ, ಮಧ್ಯಾಹ್ನ ಸೀಟು ಹಿಡಿ, ಸೋಮವಾರ ಬಾ" ಎಂದರು.

ಆದ್ದರಿಂದ ಮಾನ್ಯರೇ, ತಮ್ಮ ಅಸಹಕಾರದಿಂದ ನನ್ನ ಗೆಳೆಯನಿಗೆ ಕೆಲಸ ಸಿಕ್ಕಿದೆ. ಸಹಕರಿಸಿದ್ದರೆ ಅವನು ಬರೀ ಓಡಿಸುವುದನ್ನು ಕಲಿಯುತ್ತಿದ್ದ. ಈ ಉಪಕಾರಕ್ಕೆ ಪ್ರತಿಯಾಗಿ ಕೆಲವು ಅಲ್ಪ ಕೋರಿಕೆಗಳಿವೆ. ದಿನೇಶನಿಗೆ ಹತ್ತು ದಿನಗಳ ಅನುಭವದ ಪ್ರಮಾಣಪತ್ರವನ್ನು ತಾವು ಸ್ವಹಸ್ತದಿಂದ ಬರೆದುಕೊಡಬೇಕು. ಕೈ ಬೆಳೆಯುವವರೆಗೆ ಕಾಯಲು ಸಿದ್ಧರಿದ್ದೇವೆ. ಮುಂದಿನ ಅಪ್‌ಡೇಟನ್ನು ತಾವು ಹುಟ್ಟುವ ಮೊದಲೇ ಮುಗಿಸಿಕೊಂಡು ಬರಬೇಕು. ಬರುವ ಖಂಡೇಪೂಜೆಗೆ ಬಾಯಿ ಮುಚ್ಚಿಕೊಂಡು ಕೂರಬೇಕು. ಡಬ್ಬಿಯ ಮೇಲಿನ 'ಯಾರ ಹಂಗೂ ಬೇಡ' ಎಂಬ ಮಾತಿನ ಕೆಳಗೆ 'ಧರ್ಮಿಬಾಯಿಯವರ ಸೂಜಿಯೊಂದನ್ನು ಬಿಟ್ಟು' ಎಂದು ಸೇರಿಸಬೇಕು.

ಕೇಬಲ್ಲಿನ ಈ ತುದಿಯನ್ನು ಇನ್ನೂ ಕೈಬಿಡದ,
ತಮ್ಮ ವಿಶ್ವಾಸಿ,
ಉದಯಕುಮಾರ
(ಒಂದು ದಿನದ ಮಟ್ಟಿಗೆ ಅಯ್ನಾರು)

ತಾ.ಕ.: ನಿನ್ನೆ ದಿನೇಶ ಹೊಲದಿಂದ ಫೋನ್ ಮಾಡಿದ್ದ. ಮಧ್ಯಾಹ್ನ, ಅವನ ಸೀಟಿನ ಪಾಳಿ ಶುರುವಾಗುವ ಹೊತ್ತಿಗೆ ಸರಿಯಾಗಿ, ಲಗಮಪ್ಪನವರ ಮಷೀನೂ ಅಪ್‌ಡೇಟ್ ಕೇಳಿ ನಿಂತಿತಂತೆ. ಹೊಲದಲ್ಲಿ ನೆಟ್‌ವರ್ಕ್ ಇಲ್ಲ. ಅದು ತಮಗೆ ಅಣ್ಣತಮ್ಮಂದಿರ ಪೈಕಿಯೋ, ಬೀಗರ ಪೈಕಿಯೋ ದಯವಿಟ್ಟು ತಿಳಿಸಿ. ಮಷೀನು ತಿರುಗಲಾಗದ ಮೂಲೆಗಳನ್ನು ಕಡಿಯಲು ಬಂದಿದ್ದ ಧರ್ಮಿಬಾಯಿಯವರ ಗ್ಯಾಂಗು ಅಷ್ಟರಲ್ಲಿ ನಡುಹೊಲದ ಆರು ಸಾಲನ್ನೂ ಕಡಿದು ಮುಗಿಸಿತಂತೆ. ಪೂಜೆಯ ದಿನ ಮಣೆಯ ಮೇಲೆ ತಮ್ಮ ಪಕ್ಕ ಕೂತಿದ್ದರಲ್ಲ, ಕುಡುಗೋಲು ಎಂಬುವರು, ಅವರ ಪೈಕಿಯವರೇ ಕಡಿದದ್ದು. ಅಕ್ಷತೆ ಅವರ ಕುಲದವರ ಮೇಲೂ ಬಿದ್ದಿತ್ತು. ಇಲ್ಲಿಯವರೆಗೆ ಅವರು ಯಾರ ಹುಟ್ಟಿದ ದಿನವನ್ನೂ ಕೇಳಿಲ್ಲ.